ನೂಲವ್ವ ಎಷ್ಟು ಬೇಗ ಉತ್ತರ ಕೊಡಬಲ್ಲಳು?

ಪ್ರಶ್ನೆ: ನಾನು ಕನ್ನಡದಲ್ಲಿ ಒಂದು ವಿಜ್ಞಾನ-ಫ್ಯಾಂಟಸಿ ಕಾದಂಬರಿ ಬರೆಯುತ್ತಿದ್ದೇನೆ. ಅದರ ಲೋಕದಲ್ಲಿ ಗೆಲಾಕ್ಸಿಗಳನ್ನು ಒಂದಕ್ಕೊಂದು ಜೋಡಿಸುವ ಅನಿಲದ ಎಳೆಗಳಿವೆ. ಆ ಇಡೀ ಬಲೆಗೆ ಜೀವ ಇದೆ, ಬುದ್ಧಿ ಇದೆ. ಜನ ಅದನ್ನು ‘ನೂಲವ್ವ’ ಎಂದು ಕರೆಯುತ್ತಾರೆ. ನೌಕೆ ನಡೆಸುವ ಹೊನ್ನಿ ಎಂಬ ಹುಡುಗಿ ಕಷ್ಟದಲ್ಲಿ ಕೂಗಿದಾಗ ನೂಲವ್ವ ತಕ್ಷಣ ಮಾತಾಡುತ್ತಾಳೆ. ಕೊನೆಯಲ್ಲಿ ಶತ್ರುಗಳ ಸೂರ್ಯನನ್ನು ಒಂದೇ ರಾತ್ರಿಯಲ್ಲಿ ನುಂಗಿಬಿಡುತ್ತಾಳೆ. ಎಂಜಿನಿಯರ್ ಆಗಿರುವ ನನ್ನ ಭಾವ ಓದಿ, ‘ಇದಕ್ಕೆ ವಿಜ್ಞಾನದಲ್ಲಿ ಜಾಗವೇ ಇಲ್ಲ, ದೇವರ ಕಥೆ ಅಂತ ಬರಿ’ ಎಂದರು. ಇಷ್ಟು ದೊಡ್ಡ ವಸ್ತು ಯೋಚನೆ ಮಾಡುವುದು ಸಾಧ್ಯವೇ? ನೂಲವ್ವನನ್ನು ಬಿಡದೆ ಕಥೆ ಸರಿಮಾಡುವುದು ಹೇಗೆ? ವಿಜ್ಞಾನದ ಲೆಕ್ಕವನ್ನೆಲ್ಲ ಓದುಗರಿಗೆ ಹೇಳಬೇಕೇ? ಹಸ್ತಪ್ರತಿಯನ್ನು ಜೊತೆಗೆ ಕಳಿಸಿದ್ದೇನೆ.

ಉತ್ತರ: ನೂಲವ್ವನನ್ನು ಖಂಡಿತ ಬಿಡಬೇಡಿ. ನಿಮ್ಮ ಭಾವನವರು ಹೇಳಿದ್ದರಲ್ಲಿ ಅರ್ಧ ಮಾತ್ರ ಸರಿ. ಅಂಥ ಬಲೆ ನಮ್ಮ ಈ ವಿಶ್ವದಲ್ಲೇ ಇದೆ. ಅದಕ್ಕೆ ಬುದ್ಧಿ ಇದೆ ಅನ್ನುವುದು ನಿಮ್ಮ ಕಲ್ಪನೆ. ಆ ಕಲ್ಪನೆಗೂ ವಿಜ್ಞಾನದ ಒಳಗೇ ಒಂದಿಷ್ಟು ಜಾಗ ಮಾಡಿಕೊಡಬಹುದು. ಜಾಗ ಸಿಗದೇ ಇರುವುದು ಆಕೆಯ ವೇಗಕ್ಕೆ. ಮೈ ದೊಡ್ಡದಾದಷ್ಟೂ ಯೋಚನೆ ನಿಧಾನವಾಗುತ್ತದೆ. ಇದೊಂದನ್ನು ಒಪ್ಪಿಕೊಂಡು ಬರೆದರೆ ಕಥೆ ಈಗಿರುವುದಕ್ಕಿಂತ ಗಟ್ಟಿಯಾಗುತ್ತದೆ ಅಂತ ನನಗೆ ನಂಬಿಕೆಯಿದೆ.

ಮೊದಲು ಬಲೆಯ ವಿಷಯ. ಗೆಲಾಕ್ಸಿಗಳು ಆಕಾಶದಲ್ಲಿ ಎಲ್ಲೆಂದರಲ್ಲಿ ಚೆಲ್ಲಿಕೊಂಡಿಲ್ಲ. ಅವು ಎಳೆಗಳ ಉದ್ದಕ್ಕೂ ಸಾಲುಗಟ್ಟಿ ನಿಂತಿವೆ. ಎಳೆಗಳು ಬಂದು ಕೂಡುವ ಗಂಟುಗಳಲ್ಲಿ ನೂರಾರು, ಕೆಲವು ಕಡೆ ಸಾವಿರಾರು ಗೆಲಾಕ್ಸಿಗಳ ಗುಂಪುಗಳಿವೆ. ನಡುವೆ ಹೆಚ್ಚುಕಡಿಮೆ ಏನೂ ಇಲ್ಲದ ಬಯಲುಗಳು. 1981ರಲ್ಲಿ ಬೂಟೀಸ್ ನಕ್ಷತ್ರಪುಂಜದ ದಿಕ್ಕಿನಲ್ಲಿ ಪತ್ತೆಯಾದ ಬಯಲಿನ ಅಗಲ ಸುಮಾರು 33 ಕೋಟಿ ಜ್ಯೋತಿರ್ವರ್ಷ (ಬೆಳಕು ಒಂದು ವರ್ಷದಲ್ಲಿ ಹೋಗುವಷ್ಟು ದೂರಕ್ಕೆ ಒಂದು ಜ್ಯೋತಿರ್ವರ್ಷ ಅನ್ನುತ್ತಾರೆ). 1989ರಲ್ಲಿ ಮಾರ್ಗರೆಟ್ ಗೆಲ್ಲರ್ ಮತ್ತು ಜಾನ್ ಹುಕ್ರಾ ಗೆಲಾಕ್ಸಿಗಳ ಒಂದು ದೊಡ್ಡ ಗೋಡೆಯನ್ನೇ ಗುರುತಿಸಿದರು. ಇದಕ್ಕೆಲ್ಲ ಒಟ್ಟಾಗಿ ಕಾಸ್ಮಿಕ್ ವೆಬ್ ಅನ್ನುತ್ತಾರೆ, ಕನ್ನಡದಲ್ಲಿ ವಿಶ್ವಜಾಲ ಅನ್ನಬಹುದು.

ನಮಗೆ ಹತ್ತಿರದ ಒಂದು ಉದಾಹರಣೆಯೂ ಇದೆ. 2017ರಲ್ಲಿ ಪುಣೆಯ ಖಗೋಳ ಸಂಶೋಧನಾ ಕೇಂದ್ರ ಐಯುಕಾ ಮತ್ತು ವಿಜ್ಞಾನ ಶಿಕ್ಷಣ ಸಂಸ್ಥೆ ಐಸರ್‌ನ ವಿಜ್ಞಾನಿಗಳು, ಜಯದೀಪ್ ಬಾಗ್ಚಿ ಮತ್ತು ಅವರ ಜೊತೆಗಾರರು, ಮೀನ ರಾಶಿಯ ದಿಕ್ಕಿನಲ್ಲಿ ಗೆಲಾಕ್ಸಿ ಗುಂಪುಗಳ ಒಂದು ಮಹಾಗುಂಪನ್ನು ಕಂಡುಹಿಡಿದರು. ಅದಕ್ಕೆ ‘ಸರಸ್ವತಿ’ ಅಂತ ಹೆಸರಿಟ್ಟರು. ಅದು ನಮ್ಮಿಂದ ಸುಮಾರು 400 ಕೋಟಿ ಜ್ಯೋತಿರ್ವರ್ಷ ದೂರದಲ್ಲಿದೆ. ಅಡ್ಡಗಲ ಸುಮಾರು 60 ಕೋಟಿ ಜ್ಯೋತಿರ್ವರ್ಷ. ಅದರೊಳಗೆ 43 ಗೆಲಾಕ್ಸಿ ಗುಂಪುಗಳನ್ನು ಎಣಿಸಿದ್ದಾರೆ. ಒಟ್ಟು ತೂಕ ಇನ್ನೂರು ಕೋಟಿ ಕೋಟಿ ಸೂರ್ಯರಷ್ಟು. ನಿಮ್ಮ ನೂಲವ್ವನಿಗೆ ಒಂದು ಮಾದರಿ ಬೇಕಿದ್ದರೆ ನಾನು ಇದನ್ನೇ ಆರಿಸುತ್ತೇನೆ.

ಆದರೆ ಹತ್ತಿರ ಹೋಗಿ ನೋಡಿದರೆ ಈ ಎಳೆಗಳು ಎಂಥವು? ಒಂದು ಘನ ಮೀಟರ್ ಜಾಗದಲ್ಲಿ ಕೆಲವೇ ಕೆಲವು ಪರಮಾಣುಗಳು. ಭೂಮಿಯ ಮೇಲಿನ ಯಾವ ಪ್ರಯೋಗಾಲಯದಲ್ಲೂ ಅಷ್ಟು ಖಾಲಿ ಜಾಗ ಮಾಡಲು ಆಗಿಲ್ಲ. ಇರುವ ಆ ಒಂದೆರಡು ಪರಮಾಣುಗಳೂ ವಿಪರೀತ ಬಿಸಿ. ಲಕ್ಷದಿಂದ ಕೋಟಿ ಡಿಗ್ರಿಯವರೆಗೆ ಹೋಗುತ್ತದೆ. ಹೊನ್ನಿಯ ನೌಕೆ ಎಳೆಯೊಳಗೆ ನುಗ್ಗಿದರೆ ಕಿಟಕಿಯಲ್ಲಿ ಏನೂ ಕಾಣುವುದಿಲ್ಲ. ನಿಮ್ಮ ಎರಡನೇ ಅಧ್ಯಾಯದಲ್ಲಿ ಹೊಳೆಯುವ ನೀಲಿ ಎಳೆಗಳ ನಡುವೆ ಆಕೆ ಹಾದುಹೋಗುತ್ತಾಳಲ್ಲ, ಆ ದೃಶ್ಯವನ್ನು ಬದಲಿಸಲೇಬೇಕು. ಒಂದೋ ಉಪಕರಣದ ಪರದೆಯಲ್ಲಿ ತೋರಿಸಿ, ಇಲ್ಲವೇ ಆಕೆಯ ಜನಕ್ಕೆ ಬೇರೆ ತರಹದ ಕಣ್ಣು ಕೊಡಿ. ಬರೀ ಕಿಟಕಿಯಿಂದ ನೋಡಿದರೆ ಕತ್ತಲೆ ಅಷ್ಟೇ.

ಈ ಬಲೆ ಮಿದುಳಿನ ಹಾಗೆ ಕಾಣುತ್ತದೆ ಅನ್ನುವುದು ಬರೀ ಕವಿಗಳ ಮಾತಲ್ಲ. 2020ರಲ್ಲಿ ಇಟಲಿಯ ಇಬ್ಬರು, ಖಭೌತ ವಿಜ್ಞಾನಿ ಫ್ರಾಂಕೊ ವಾತ್ಸಾ ಮತ್ತು ನರಶಸ್ತ್ರವೈದ್ಯ ಆಲ್ಬರ್ಟೊ ಫೆಲೆಟ್ಟಿ, ವಿಶ್ವಜಾಲವನ್ನೂ ನರಕೋಶಗಳ ಬಲೆಯನ್ನೂ ಅಂಕಿಗಳಲ್ಲಿ ಅಕ್ಕಪಕ್ಕ ಇಟ್ಟು ನೋಡಿದರು. ದಟ್ಟಣೆ ಎಲ್ಲಿ ಹೆಚ್ಚು, ಎಲ್ಲಿ ಕಡಿಮೆ, ಒಂದೊಂದು ಗಂಟಿಗೆ ಎಷ್ಟು ಎಳೆ, ಇಂಥವುಗಳಲ್ಲಿ ನಿಜಕ್ಕೂ ಹೋಲಿಕೆ ಸಿಕ್ಕಿತು. ಅದೇ ವರ್ಷ ಇನ್ನೊಂದು ತಂಡ ಲೋಳೆಬೂಷ್ಟು ಅನ್ನಬಹುದಾದ ಒಂದು ಜೀವಿ ಆಹಾರ ಹುಡುಕುತ್ತಾ ಹರಡುವ ರೀತಿಯನ್ನು ಕಂಪ್ಯೂಟರಿಗೆ ಕಲಿಸಿತು. ಅದಕ್ಕೆ 37,000 ಗೆಲಾಕ್ಸಿಗಳ ಜಾಗಗಳನ್ನು ಆಹಾರದ ಚುಕ್ಕಿಗಳಂತೆ ಕೊಟ್ಟಿತು. ಬಂದ ನಕ್ಷೆ ವಿಶ್ವಜಾಲದ ಎಳೆಗಳಿಗೆ ಚೆನ್ನಾಗಿ ಹೊಂದಿತು. ಮಿದುಳೇ ಇಲ್ಲದ, ಒಂದೇ ಕೋಶದ ಜೀವಿ ಅದು. 2000ನೇ ಇಸವಿಯಲ್ಲಿ ಜಪಾನಿನಲ್ಲಿ ಅದೇ ಜೀವಿ ಒಂದು ಚಿಕ್ಕ ಚಕ್ರವ್ಯೂಹದಲ್ಲಿ ಆಹಾರಕ್ಕೆ ಹತ್ತಿರದ ದಾರಿ ಹುಡುಕಿ ತೋರಿಸಿತ್ತು.

ಇಂಥ ಸುದ್ದಿ ಓದಿದವರು ‘ವಿಶ್ವ ಯೋಚನೆ ಮಾಡುತ್ತಿದೆ’ ಎಂದು ಹಾರಿಬಿಡುತ್ತಾರೆ. ಅಲ್ಲಿ ಎಚ್ಚರ ಬೇಕು. ಆಕಾರ ಒಂದೇ ಆದ ಮಾತ್ರಕ್ಕೆ ಕೆಲಸ ಒಂದೇ ಆಗುವುದಿಲ್ಲ. ಮಿದುಳು ಯೋಚಿಸುವುದು ಬಲೆಯಂತೆ ಇದೆ ಅಂತ ಅಲ್ಲ. ಒಂದು ಕಡೆಯ ಸುದ್ದಿ ಇನ್ನೊಂದು ಕಡೆಗೆ ಹೋಗಬೇಕು, ಅಲ್ಲಿ ಏನನ್ನಾದರೂ ಬದಲಿಸಬೇಕು, ಆ ಬದಲಾವಣೆಯ ಸುದ್ದಿ ಮರಳಿ ಬರಬೇಕು. ಹೀಗೆ ಹೋಗಿ ಬಂದು ಹೋಗಿ ಬಂದು ನಡೆಯುತ್ತಾ ಇರಬೇಕು. ಜೊತೆಗೆ ನಿನ್ನೆ ಬಂದ ಸುದ್ದಿಯ ಗುರುತು ಇವತ್ತಿಗೂ ಎಲ್ಲಾದರೂ ಉಳಿದಿರಬೇಕು. ಹೋಗಿ ಬರುವುದು, ಬದಲಾಗುವುದು, ನೆನಪಿಡುವುದು. ಈ ಮೂರಿಲ್ಲದ ಬುದ್ಧಿಯನ್ನು ನನಗೆ ಊಹಿಸಲು ಆಗುವುದಿಲ್ಲ.

ಈಗ ನೂಲವ್ವನ ಲೆಕ್ಕ ಹಾಕೋಣ. ಆಕೆ ಸರಸ್ವತಿಯಷ್ಟು ದೊಡ್ಡವಳು ಅಂತಿಟ್ಟುಕೊಳ್ಳಿ. ಬೆಳಕಿಗಿಂತ ವೇಗವಾಗಿ ಯಾವ ಸುದ್ದಿಯೂ ಹೋಗುವುದಿಲ್ಲ, ಅದರ ವೇಗ ಸೆಕೆಂಡಿಗೆ ಸುಮಾರು 3 ಲಕ್ಷ ಕಿಲೋಮೀಟರ್. ಒಂದು ತುದಿಯ ಸುದ್ದಿ ಇನ್ನೊಂದು ತುದಿ ಮುಟ್ಟಲು 60 ಕೋಟಿ ವರ್ಷ. ಉತ್ತರ ಮರಳಿ ಬರಲು ಇನ್ನೊಂದು 60 ಕೋಟಿ. ವಿಶ್ವ ಹುಟ್ಟಿ 1,380 ಕೋಟಿ ವರ್ಷ ಆಗಿದೆ. ಭಾಗಿಸಿ ನೋಡಿ. ಮೊದಲ ದಿನದಿಂದಲೇ ಆಕೆ ಇದ್ದಳು ಅಂದುಕೊಂಡರೂ ಇಲ್ಲಿಯವರೆಗೆ ಆಕೆಯ ಇಡೀ ಮೈಯಲ್ಲಿ ಸುದ್ದಿ ಹನ್ನೊಂದು ಸಲ ಹೋಗಿ ಬಂದಿರಬಹುದು. ಹನ್ನೊಂದೇ. ವಿಶ್ವ ಹಿಗ್ಗುತ್ತಿರುವುದನ್ನು ಸೇರಿಸಿದರೆ ಲೆಕ್ಕ ಇನ್ನೂ ತೊಡಕಾಗುತ್ತದೆ, ಆದರೆ ನಮಗೆ ಬೇಕಾದ ಅಂದಾಜು ಇಷ್ಟೇ. ನಮ್ಮ ತಲೆಯೊಳಗೆ ಇಂಥ ಓಡಾಟ ಒಂದು ಸೆಕೆಂಡಿನಲ್ಲೇ ಹತ್ತಾರು ಸಲ ನಡೆಯುತ್ತದೆ. ನೂಲವ್ವ ಇನ್ನೂ ತನ್ನ ಮೊದಲ ಮಾತನ್ನೇ ಮುಗಿಸಿಲ್ಲ ಅಂದ ಹಾಗಾಯಿತು.

ಹಾಗಾದರೆ ಚಿಕ್ಕವಳನ್ನಾಗಿ ಮಾಡೋಣವೇ? ನಮ್ಮ ಗೆಲಾಕ್ಸಿಯಾದ ಹಾಲುಹಾದಿಯ ಅಗಲ ಸುಮಾರು 1 ಲಕ್ಷ ಜ್ಯೋತಿರ್ವರ್ಷ. ಅಷ್ಟು ದೊಡ್ಡ ಮನಸ್ಸಿಗೆ ಒಂದು ಸುತ್ತಿನ ಯೋಚನೆಗೆ 2 ಲಕ್ಷ ವರ್ಷ ಬೇಕು. ಮನುಷ್ಯ ಜಾತಿ ಹುಟ್ಟಿದ್ದು ಸುಮಾರು 3 ಲಕ್ಷ ವರ್ಷಗಳ ಹಿಂದೆ. ಅಂದರೆ ನಮ್ಮ ಇಡೀ ಕಥೆ ಅದಕ್ಕೆ ಒಂದೂವರೆ ಯೋಚನೆ. ಇನ್ನೂ ಇಳಿಯೋಣ. ನಕ್ಷತ್ರಗಳ ನಡುವೆ ಬರ್ನಾರ್ಡ್ 68 ಅಂತ ಅನಿಲ ಮತ್ತು ಧೂಳಿನ ಒಂದು ಕಪ್ಪು ಮೋಡ ಇದೆ. ಅಗಲ ಸುಮಾರು ಅರ್ಧ ಜ್ಯೋತಿರ್ವರ್ಷ. ಅದು ಯೋಚಿಸಿದರೆ ಒಂದು ಸುತ್ತಿಗೆ ಒಂದು ವರ್ಷ. ಸೂರ್ಯನಿಂದ ನೆಪ್ಚೂನಿನವರೆಗಿನ ಜಾಗದಷ್ಟು ಇದ್ದರೆ ಎಂಟು ಗಂಟೆಗೆ ಸ್ವಲ್ಪ ಜಾಸ್ತಿ. ಭೂಮಿಯಿಂದ ಚಂದ್ರನವರೆಗಿನಷ್ಟು ಇದ್ದರೆ ಎರಡೂವರೆ ಸೆಕೆಂಡು. ಮಾತಿಗೆ ಮಾತು ಕೊಡುವಷ್ಟು ಚುರುಕು ಬೇಕಿದ್ದರೆ ಭೂಮಿಯಷ್ಟು ಗಾತ್ರಕ್ಕೆ ಬಂದು ನಿಲ್ಲಬೇಕು. ಅದು ನೂಲವ್ವ ಆಗುವುದಿಲ್ಲ ಅಲ್ವಾ? ಯಾವುದೋ ಒಂದು ಗ್ರಹ ಆಗುತ್ತದೆ.

ಹಾಗಾಗಿ ನನ್ನ ಸಲಹೆ ಬೇರೆ. ನೂಲವ್ವ ಅಷ್ಟೇ ದೊಡ್ಡವಳಾಗಿ ಇರಲಿ. ಆದರೆ ಹೊನ್ನಿ ಮಾತಾಡುವುದು ಇಡೀ ನೂಲವ್ವನ ಜೊತೆ ಅಲ್ಲ, ಆಕೆಯ ಒಂದು ಚಿಕ್ಕ ಗಂಟಿನ ಜೊತೆ.

ಹೆಜ್ಜೇನಿನ ಹುಟ್ಟನ್ನು ಹತ್ತಿರದಿಂದ ನೋಡಿದ್ದೀರಾ? ಎತ್ತರದ ಮರದಲ್ಲೋ ನೀರಿನ ಟ್ಯಾಂಕಿನ ಕೆಳಗೋ ತೂಗುವ ಒಂದೇ ಹಲ್ಲೆ. ಅದರ ಮೇಲೆ ಪರದೆ ಹಾಸಿದಂತೆ ಸಾವಿರಾರು ಹುಳುಗಳು. ಒಂದು ಕಡಜ ಹತ್ತಿರ ಸುಳಿದರೆ ಸಾಕು, ಒಂದು ಕಡೆಯ ಹುಳುಗಳು ಹಿಂಭಾಗವನ್ನು ಪಟಕ್ಕನೆ ಮೇಲೆತ್ತಿ ಇಳಿಸುತ್ತವೆ. ಪಕ್ಕದವು ಅದನ್ನು ನೋಡಿ ತಾವೂ ಎತ್ತುತ್ತವೆ. ಕಣ್ಣು ಮಿಟುಕಿಸುವಷ್ಟರಲ್ಲಿ ಇಡೀ ಹುಟ್ಟಿನ ಮೇಲೆ ಒಂದು ಅಲೆ ಹರಿದುಹೋಗುತ್ತದೆ. ಕಡಜ ಗಲಿಬಿಲಿಗೊಂಡು ದೂರ ಸರಿಯುತ್ತದೆ. ಆಸ್ಟ್ರಿಯದ ಸಂಶೋಧಕರು ನೇಪಾಳದಲ್ಲಿ ಇದನ್ನು ವಿಡಿಯೊ ಮಾಡಿ ಅಳೆದು 2008ರಲ್ಲಿ ಪ್ರಕಟಿಸಿದರು. ಅಲ್ಲಿ ಯಾರೂ ಅಪ್ಪಣೆ ಕೊಡುವುದಿಲ್ಲ. ರಾಣಿಗೆ ಆ ಹೊತ್ತಿನಲ್ಲಿ ಕಡಜ ಬಂದದ್ದೇ ಗೊತ್ತಿರಬೇಕಿಲ್ಲ. ಪ್ರತಿ ಹುಳುವೂ ತನ್ನ ಪಕ್ಕದ್ದನ್ನು ಮಾತ್ರ ನೋಡುತ್ತದೆ. ಆದರೂ ಹುಟ್ಟು ಒಂದೇ ಪ್ರಾಣಿಯಂತೆ ನಡೆದುಕೊಳ್ಳುತ್ತದೆ.

ಆಕ್ಟೋಪಸ್ ಇನ್ನೂ ಒಂದು ಹೆಜ್ಜೆ ಮುಂದೆ. ಅದಕ್ಕೆ ಸುಮಾರು 50 ಕೋಟಿ ನರಕೋಶಗಳಿವೆ. ಅವುಗಳಲ್ಲಿ ಮೂರರಲ್ಲಿ ಎರಡು ಭಾಗ ಇರುವುದು ತೋಳುಗಳಲ್ಲಿ. ತೋಳು ತಾನಾಗಿಯೇ ತಡವುತ್ತದೆ, ರುಚಿ ನೋಡುತ್ತದೆ, ಹಿಡಿಯುತ್ತದೆ. ನಡುವಿನ ಮಿದುಳು ಎಲ್ಲವನ್ನೂ ಕ್ಷಣಕ್ಷಣಕ್ಕೂ ಹೇಳಿಕೊಡುತ್ತಾ ಕೂರುವುದಿಲ್ಲ.

ನೂಲವ್ವನನ್ನು ಈ ಕಡೆಯಿಂದ ಕಟ್ಟಿ. ಭೂಮಿಯಷ್ಟು ಇರುವ ಚಿಕ್ಕ ಚಿಕ್ಕ ಗಂಟುಗಳು. ಅವು ಮನುಷ್ಯರಷ್ಟೇ ಚುರುಕು. ಅಂಥ ಸಾವಿರಾರು ಗಂಟುಗಳು ಸೇರಿ ಒಂದು ಕಪ್ಪು ಮೋಡ. ಅದರ ಒಂದು ಯೋಚನೆಗೆ ವರ್ಷ ಬೇಕು. ಮೋಡಗಳೆಲ್ಲ ಸೇರಿ ಒಂದು ಗೆಲಾಕ್ಸಿ. ಗೆಲಾಕ್ಸಿಗಳು ಸೇರಿ ನೂಲವ್ವ. ಮೇಲೆ ಹೋದಷ್ಟೂ ಮನಸ್ಸು ದೊಡ್ಡದು, ನಡೆ ನಿಧಾನ. ಕೆಳಗಿನ ಗಂಟು ಹೊನ್ನಿಗೆ ತಕ್ಷಣ ಉತ್ತರ ಕೊಡುತ್ತದೆ. ಆದರೆ ಅದಕ್ಕೆ ನೂಲವ್ವನ ಪೂರ್ತಿ ಮನಸ್ಸು ಗೊತ್ತಿಲ್ಲ. ಅದಕ್ಕೆ ಗೊತ್ತಿರುವುದು ಕೋಟಿಗಟ್ಟಲೆ ವರ್ಷ ಹಿಂದೆ ಬಂದು ಮುಟ್ಟಿದ ಒಂದು ಹಳೆಯ ಒಲವು, ಒಂದು ಹಳೆಯ ನಿರ್ಧಾರ. ಅದನ್ನು ಇವತ್ತಿನ ಹೊನ್ನಿಯ ಕಷ್ಟಕ್ಕೆ ಅದು ತನಗೆ ತೋಚಿದಂತೆ ಅರ್ಥ ಮಾಡಿಕೊಳ್ಳುತ್ತದೆ. ತಪ್ಪೂ ಮಾಡಬಹುದು. ಇನ್ನೊಂದು ಗಂಟು ಅದೇ ಹಳೆಯ ಮಾತನ್ನು ಉಲ್ಟಾ ಅರ್ಥ ಮಾಡಿಕೊಂಡು ಶತ್ರುಗಳ ಕಡೆ ನಿಲ್ಲಬಹುದು. ನಿಮ್ಮ ಈಗಿನ ಕಥೆಯಲ್ಲಿ ನೂಲವ್ವ ಎಲ್ಲ ಬಲ್ಲವಳು, ಹಾಗಾಗಿ ಹೊನ್ನಿಗೆ ಕೂಗುವುದು ಬಿಟ್ಟರೆ ಮಾಡಲು ಏನೂ ಕೆಲಸವಿಲ್ಲ. ಗಂಟುಗಳಿಗೆ ಅಭಿಪ್ರಾಯಭೇದ ಬಂದ ಕೂಡಲೇ ಹೊನ್ನಿ ವಾದ ಮಾಡಬೇಕಾಗುತ್ತದೆ, ಒಪ್ಪಿಸಬೇಕಾಗುತ್ತದೆ, ಯಾರನ್ನು ನಂಬಬೇಕು ಅಂತ ಆಯ್ಕೆ ಮಾಡಬೇಕಾಗುತ್ತದೆ.

ಗಂಟುಗಳನ್ನು ಎಲ್ಲಿಡಬೇಕು ಅನ್ನುವುದು ಮುಂದಿನ ವಿಷಯ. ನೀವು ಬುದ್ಧಿಯನ್ನು ಎಳೆಗಳಲ್ಲೇ ಇಟ್ಟಿದ್ದೀರಿ. ನಾನಾದರೆ ಅಲ್ಲಿಂದ ತೆಗೆಯುತ್ತೇನೆ. ಕಾರಣ ಶಾಖ. 1961ರಲ್ಲಿ ರಾಲ್ಫ್ ಲ್ಯಾಂಡೌವರ್ ಎಂಬ ಭೌತವಿಜ್ಞಾನಿ ಒಂದು ಮಾಹಿತಿಯ ತುಣುಕನ್ನು ಅಳಿಸಲು ಕನಿಷ್ಠ ಇಷ್ಟು ಶಕ್ತಿ ಖರ್ಚಾಗಲೇಬೇಕು ಎಂದು ತೋರಿಸಿದರು. ಆ ಖರ್ಚು ತಾಪಮಾನ ಏರಿದಷ್ಟೂ ಏರುತ್ತದೆ. ಹತ್ತು ಲಕ್ಷ ಡಿಗ್ರಿಯ ಎಳೆಯಲ್ಲಿ ಯೋಚಿಸುವುದು ನಮ್ಮ ಕೋಣೆಯೊಳಗಿನ ಯೋಚನೆಗಿಂತ ಮೂರು ಸಾವಿರ ಪಟ್ಟು ದುಬಾರಿ. ಬರ್ನಾರ್ಡ್ 68ರಂಥ ಮೋಡದ ಒಳಗೆ ತಾಪಮಾನ ಸೊನ್ನೆಗಿಂತ ಸುಮಾರು 260 ಡಿಗ್ರಿ ಕೆಳಗೆ. ಅಲ್ಲಿ ಅದೇ ಕೆಲಸ ಇಪ್ಪತ್ತು ಮೂವತ್ತು ಪಟ್ಟು ಅಗ್ಗ. ಯೋಚಿಸುವವರು ತಣ್ಣಗಿನ ಜಾಗ ಹುಡುಕಿಕೊಳ್ಳುತ್ತಾರೆ. ಹಾಗಾಗಿ ಬುದ್ಧಿ ಗೆಲಾಕ್ಸಿಗಳ ಒಳಗಿನ ಕಪ್ಪು ಮೋಡಗಳಲ್ಲಿರಲಿ. ಬಿಸಿ ಎಳೆಗಳು ಅವುಗಳ ನಡುವಿನ ದಾರಿ ಆಗಿರಲಿ.

ಈ ಮೋಡಗಳು ನಿಜಕ್ಕೂ ಸೊಗಸಾದವು. ದೂರದರ್ಶಕದಲ್ಲಿ ನೋಡಿದರೆ ನಕ್ಷತ್ರಗಳ ನಡುವೆ ಆಕಾಶಕ್ಕೆ ತೂತು ಬಿದ್ದ ಹಾಗೆ ಕಾಣುತ್ತದೆ. ಧೂಳು ಹಿಂದಿನ ಬೆಳಕನ್ನೆಲ್ಲ ತಡೆದಿರುತ್ತದೆ. ಆ ಧೂಳಿನ ಕಣಗಳು ಅಯಸ್ಕಾಂತ ಕ್ಷೇತ್ರಕ್ಕೆ ತಕ್ಕಂತೆ ಒಂದೇ ದಿಕ್ಕಿಗೆ ಸಾಲಾಗಿ ನಿಲ್ಲುತ್ತವೆ. ನಕ್ಷತ್ರದ ಬೆಳಕಿನಲ್ಲಿ ಇದರ ಸುಳಿವು ಸಿಕ್ಕಿದ್ದು 1949ರಲ್ಲಿ. ಕಣಗಳ ಈ ಸಾಲನ್ನೇ ನೀವು ನೆನಪು ಮಾಡಬಹುದು. ದಿಕ್ಕು ಬದಲಿಸಿದರೆ ಹೊಸ ನೆನಪು. ಇನ್ನು ಸುದ್ದಿ ಕಳಿಸಲು ಮೇಸರ್‌ಗಳಿವೆ. ಲೇಸರಿನ ಅಣ್ಣ ಅನ್ನಿ, ಬೆಳಕಿನ ಬದಲು ಮೈಕ್ರೋವೇವ್. ಇಂಥ ಮೋಡಗಳ ಕೆಲವು ಭಾಗಗಳಲ್ಲಿ, ಹೊಸ ನಕ್ಷತ್ರಗಳು ಹುಟ್ಟುವ ಕಡೆ, ನೀರಿನ ಅಣುಗಳು ತಾವಾಗಿಯೇ ಮೇಸರ್ ಆಗಿ ಕೆಲಸ ಮಾಡುತ್ತವೆ. ಯಾರೂ ಕಟ್ಟಿದ್ದಲ್ಲ. 1960ರ ದಶಕದಲ್ಲೇ ರೇಡಿಯೊ ದೂರದರ್ಶಕಗಳಿಗೆ ಅವು ಸಿಕ್ಕಿದವು. ಸಣ್ಣ ಅಲೆಯನ್ನು ದೊಡ್ಡದು ಮಾಡಿ ಮುಂದಕ್ಕೆ ಕಳಿಸುವ ಯಂತ್ರ ಪ್ರಕೃತಿಯಲ್ಲೇ ಸಿದ್ಧ ಇದೆ ಅಂದಮೇಲೆ ಕಥೆಗಾರರಿಗೆ ಇನ್ನೇನು ಬೇಕು?

ಧೂಳಿಗೆ ಜೀವ ಬರುವುದು ಹೇಗೆ ಅಂತ ಭಾವನವರು ಕೇಳಿದರೆ ಇದನ್ನು ಹೇಳಿ. 2007ರಲ್ಲಿ ಭೌತವಿಜ್ಞಾನಿ ತ್ಸಿಟೋವಿಚ್ ಮತ್ತು ಸಂಗಡಿಗರು ವಿದ್ಯುತ್ ಕಣಗಳ ನಡುವೆ ತೇಲುವ ಧೂಳನ್ನು ಕಂಪ್ಯೂಟರಿನಲ್ಲಿ ನಡೆಸಿ ನೋಡಿದರು. ಧೂಳು ಸುರುಳಿ ಸುರುಳಿಯಾಗಿ ಹೆಣೆದುಕೊಂಡಿತು. ಆ ಸುರುಳಿಗಳು ಕವಲೊಡೆಯಬಲ್ಲವು, ಒಂದರ ಗುರುತನ್ನು ಇನ್ನೊಂದು ಪಡೆಯಬಲ್ಲದು ಅಂತ ಅವರು ಬರೆದರು. ಅದು ಜೀವ ಅಂತ ಯಾರೂ ಸಾಬೀತು ಮಾಡಿಲ್ಲ. ಕಥೆಗೆ ಬೇಕಾದ ಬೀಜ ಅದರಲ್ಲಿದೆ, ಅಷ್ಟು ಸಾಕು.

ನಿಧಾನ ಅನ್ನುವುದನ್ನು ಕೊರತೆಯಾಗಿ ನೋಡಬೇಡಿ ಅಂತ ಇನ್ನೊಮ್ಮೆ ಹೇಳುತ್ತೇನೆ. 1979ರಲ್ಲಿ ಭೌತವಿಜ್ಞಾನಿ ಫ್ರೀಮನ್ ಡೈಸನ್ ಒಂದು ಪ್ರಬಂಧ ಬರೆದರು. ವಿಶ್ವ ತಣ್ಣಗಾಗುತ್ತಾ ಹೋದಂತೆ ಜೀವಿಗಳೂ ತಮ್ಮ ಯೋಚನೆಯನ್ನು ನಿಧಾನ ಮಾಡಿಕೊಂಡು, ನಡುನಡುವೆ ದೀರ್ಘ ನಿದ್ದೆ ಮಾಡಿ, ಇರುವಷ್ಟೇ ಶಕ್ತಿಯಲ್ಲಿ ಕೊನೆಯಿಲ್ಲದೆ ಬದುಕಬಹುದು ಅನ್ನುವುದು ಅವರ ವಾದ. ನೂಲವ್ವ ನಿದ್ದೆ ಮಾಡಲಿ. ಆಕೆಯ ನಿದ್ದೆಯಲ್ಲಿ ಹುಟ್ಟಿ ಮುಗಿದುಹೋದ ನಾಗರಿಕತೆಗಳಿರಲಿ. ನಾಸ್ತಿಕರ ಒಂದು ಪಂಥ ಕಥೆಯಲ್ಲಿ ಇದೆಯಲ್ಲ, ಅವರ ನಂಬಿಕೆಗೆ ಇದಕ್ಕಿಂತ ಒಳ್ಳೆಯ ಕಾರಣ ಸಿಗುವುದಿಲ್ಲ. ಸಾವಿರ ತಲೆಮಾರು ಕೂಗಿದರೂ ಅವ್ವ ಓಗೊಡಲಿಲ್ಲ ಅಂದರೆ ಇಲ್ಲವೆಂದೇ ಅನ್ನಿಸುತ್ತದೆ.

ಡೈಸನ್ ಇದನ್ನು ಬರೆದಾಗ ವಿಶ್ವದ ಹಿಗ್ಗುವಿಕೆಯ ವೇಗ ಹೆಚ್ಚುತ್ತಿದೆ ಅಂತ ಯಾರಿಗೂ ಗೊತ್ತಿರಲಿಲ್ಲ. ಅದು 1998ರಲ್ಲಿ ಎರಡು ತಂಡಗಳಿಗೆ ಗೊತ್ತಾಯಿತು, ಅದಕ್ಕೆ 2011ರಲ್ಲಿ ನೊಬೆಲ್ ಬಂತು. ಭೌತವಿಜ್ಞಾನಿಗಳಾದ ಲಾರೆನ್ಸ್ ಕ್ರಾಸ್ ಮತ್ತು ಗ್ಲೆನ್ ಸ್ಟಾರ್ಕ್‌ಮನ್, ವೇಗ ಹೀಗೆ ಹೆಚ್ಚುತ್ತಿದ್ದರೆ ಡೈಸನ್ನರ ಆಸೆ ನಡೆಯದು ಎಂದು ವಾದಿಸಿದರು. ನಿಮ್ಮ ಕಥೆಗೆ ಇದು ಬಹಳ ಮುಖ್ಯ. ಈ ಹಿಗ್ಗುವಿಕೆ ದೊಡ್ಡ ಬಲೆಗಳನ್ನು ಹರಿದುಹಾಕುತ್ತದೆ. ನಮ್ಮ ಹಾಲುಹಾದಿ ಇರುವ ಮಹಾಗುಂಪಿಗೆ ಲನಿಯಾಕೇಯ ಅಂತ ಹೆಸರು. 2014ರಲ್ಲಿ ಬ್ರೆಂಟ್ ಟುಲ್ಲಿ ಮತ್ತು ಸಂಗಡಿಗರು ಅದರ ಗಡಿ ಗುರುತಿಸಿದರು. ಅಗಲ ಸುಮಾರು 52 ಕೋಟಿ ಜ್ಯೋತಿರ್ವರ್ಷ. ಅದು ಒಟ್ಟಾಗಿ ಉಳಿಯುವುದಿಲ್ಲ, ಮುಂದೆ ಚೂರುಚೂರಾಗಿ ದೂರ ಸರಿಯುತ್ತದೆ. ಸರಿದು ಸರಿದು ಒಂದು ಹಂತ ದಾಟಿದ ಮೇಲೆ ಒಂದು ಚೂರಿನಿಂದ ಹೊರಟ ಬೆಳಕು ಇನ್ನೊಂದು ಚೂರನ್ನು ಎಂದಿಗೂ ಮುಟ್ಟುವುದಿಲ್ಲ.

ನೂಲವ್ವನಿಗೆ ಇದು ಗೊತ್ತಿದ್ದರೆ? ತನ್ನ ತೋಳುಗಳು ಒಂದೊಂದಾಗಿ ತನಗೆ ಕೇಳಿಸದೆ ಹೋಗುತ್ತಿವೆ. ತಾನು ಮೊದಲು ಏನನ್ನು ಯೋಚಿಸಲು ಹೊರಟಿದ್ದೆ ಅನ್ನುವುದರ ಅರ್ಧ ಉತ್ತರ ಆ ತೋಳುಗಳಲ್ಲಿದೆ. ಅದು ಮರಳಿ ಬರುವುದಿಲ್ಲ. ನಿಮ್ಮ ಖಳನಾಯಕನ ಸೈನ್ಯಕ್ಕಿಂತ ಇದು ಎಷ್ಟೋ ದೊಡ್ಡ ಸಂಕಟ. ಹಸ್ತಪ್ರತಿಯಲ್ಲಿ ನೂಲವ್ವನಿಗೆ ಸಿಟ್ಟಿದೆ, ಕರುಣೆಯಿದೆ, ಆದರೆ ಆಕೆಗೆ ತನ್ನದೇ ಆದ ಒಂದು ದುಃಖ ಇಲ್ಲ. ಅದನ್ನು ಇಲ್ಲಿಂದ ತೆಗೆದುಕೊಳ್ಳಿ ಎಂದು ಮನಸಾರೆ ಹೇಳುತ್ತೇನೆ.

ಸೂರ್ಯನನ್ನು ನುಂಗುವ ವಿಷಯಕ್ಕೆ ಬರುತ್ತೇನೆ. ಒಂದೇ ರಾತ್ರಿಯಲ್ಲಿ ಆಗದು. ಅರ್ಧ ಜ್ಯೋತಿರ್ವರ್ಷದ ಮೋಡ ಸೆಕೆಂಡಿಗೆ 100 ಕಿಲೋಮೀಟರ್ ವೇಗದಲ್ಲಿ ಓಡಿಬಂದರೂ ತನ್ನ ಅಗಲದಷ್ಟು ದಾರಿ ಸರಿಯಲು ಸುಮಾರು 1,500 ವರ್ಷ ಹಿಡಿಯುತ್ತದೆ. ಹಲ್ಮಿಡಿ ಶಾಸನ ಕೆತ್ತಿದ ಕಾಲದಲ್ಲಿ ಅಂಚು ಮುಟ್ಟಿದ್ದರೆ ಇವತ್ತಿಗೆ ಪೂರ್ತಿ ಮುಚ್ಚಿರುತ್ತಿತ್ತು. ಅದನ್ನೇ ಬಳಸಿ. ಶತ್ರುಗಳ ಲೋಕದಲ್ಲಿ ಅಜ್ಜನ ಕಾಲಕ್ಕಿಂತ ಮೊಮ್ಮಗನ ಕಾಲಕ್ಕೆ ಆಕಾಶದಲ್ಲಿ ನಕ್ಷತ್ರಗಳು ಕಡಿಮೆ. ಒಂದು ದಿಕ್ಕಿನಿಂದ ಕತ್ತಲು ಏರುತ್ತಿದೆ. ಅವರ ಪಂಚಾಂಗದವರು ಅದನ್ನು ಬರೆದಿಡುತ್ತಾ ಬಂದಿದ್ದಾರೆ. ಹೊನ್ನಿ ಹುಟ್ಟುವ ಎಷ್ಟೋ ಮುಂಚೆ ನೂಲವ್ವ ಹೊರಟಾಗಿತ್ತು. ಆಗ ಹೊನ್ನಿಯ ಕೂಗಿಗೂ ಆ ಕತ್ತಲಿಗೂ ಸಂಬಂಧ ಇದೆಯೋ ಇಲ್ಲವೋ ಅನ್ನುವ ಪ್ರಶ್ನೆ ತಾನಾಗಿಯೇ ಎದ್ದು ನಿಲ್ಲುತ್ತದೆ. ಕೊನೆಯಲ್ಲಿ ಆಕೆಯ ಕೈಲಿ ಉಳಿಯುವುದು ಮೋಡವನ್ನು ಕರೆಯುವ ಕೆಲಸ ಅಲ್ಲ. ಬರುತ್ತಿರುವ ಮೋಡವನ್ನು ತಡೆಯಬೇಕೋ ಬೇಡವೋ ಎಂದು ತೀರ್ಮಾನಿಸುವ ಕೆಲಸ.

ಇದು ಫ್ಯಾಂಟಸಿ, ಸ್ವಲ್ಪ ಮಾಯೆ ಇರಬಾರದೇ ಅಂತ ನೀವು ಕೇಳಬಹುದು. ಇರಬಹುದು. ಬೆಳಕಿಗಿಂತ ವೇಗದ ಒಂದು ಎಳೆ ಬೇಕೇಬೇಕಿದ್ದರೆ ಇಟ್ಟುಕೊಳ್ಳಿ. ಆದರೆ ಅದಕ್ಕೆ ‘ಕ್ವಾಂಟಮ್ ಎಂಟ್ಯಾಂಗಲ್‌ಮೆಂಟ್’ ಅಂತ ಹೆಸರು ಹಚ್ಚಬೇಡಿ. ದೂರದೂರ ಇರುವ ಎರಡು ಕಣಗಳ ಸ್ಥಿತಿ ಒಂದಕ್ಕೊಂದು ಹೆಣೆದುಕೊಂಡಿರುವ ಆ ವಿದ್ಯಮಾನ ನಿಜ, ಅದರ ಪ್ರಯೋಗಗಳಿಗೆ 2022ರಲ್ಲಿ ಮೂವರಿಗೆ ನೊಬೆಲ್ ಬಂದಿದೆ. ಆದರೆ ಅದರಿಂದ ಸುದ್ದಿ ಕಳಿಸಲು ಆಗುವುದಿಲ್ಲ. ಸುಮ್ನೆ ಮಾಯೆ ಅಂತಲೇ ಹೇಳಿ, ಓದುಗರು ಒಪ್ಪಿಕೊಳ್ಳುತ್ತಾರೆ. ಎರಡು ಷರತ್ತು ಮಾತ್ರ. ಮೊದಲ ಕೆಲವು ಪುಟಗಳಲ್ಲೇ ಅದನ್ನು ಹೇಳಿಬಿಡಿ, ಕಷ್ಟ ಬಂದಾಗ ಹೊಸದಾಗಿ ತರಬೇಡಿ. ಅದಕ್ಕೊಂದು ಬೆಲೆಯನ್ನೂ ಇಡಿ. ಐನ್‌ಸ್ಟೈನ್ 1905ರಲ್ಲಿ ಕೊಟ್ಟ ಸಿದ್ಧಾಂತದ ಪ್ರಕಾರ ಬೆಳಕಿಗಿಂತ ಬೇಗ ಹೋಗುವ ಸುದ್ದಿ ಕೆಲವರ ದೃಷ್ಟಿಯಲ್ಲಿ ಹೊರಡುವ ಮೊದಲೇ ತಲುಪಿರುತ್ತದೆ. ಬೆಲೆ ಅಲ್ಲೇ ಸಿಗುತ್ತದೆ. ಆ ಎಳೆ ಹಿಡಿದು ಮಾತಾಡಿದವರಿಗೆ ಮೊದಲು ಯಾವುದು ಆಮೇಲೆ ಯಾವುದು ಅನ್ನುವುದು ಕಲಸಿಹೋಗಲಿ. ನನ್ನ ಒಲವು ಮಾತ್ರ ಮಾಯೆ ಇಲ್ಲದ ಕಥೆಯ ಕಡೆಗೇ.

ನೂಲವ್ವ ಇದ್ದಾಳೆ ಅಂತ ಹೊನ್ನಿಗೆ ಗೊತ್ತಾಗುವುದು ಹೇಗೆ ಅನ್ನುವುದಕ್ಕೂ ಒಂದು ಮಾತು. 1967ರಲ್ಲಿ ಇಂಗ್ಲೆಂಡಿನಲ್ಲಿ ಸಂಶೋಧನಾ ವಿದ್ಯಾರ್ಥಿನಿಯಾಗಿದ್ದ ಜೋಸೆಲಿನ್ ಬೆಲ್ ಅವರಿಗೆ ಆಕಾಶದಿಂದ 1.33 ಸೆಕೆಂಡಿಗೊಮ್ಮೆ ತಪ್ಪದೆ ಬರುವ ರೇಡಿಯೊ ಮಿಡಿತ ಸಿಕ್ಕಿತು. ಅಷ್ಟು ಕ್ರಮಬದ್ಧ ಅಂದಮೇಲೆ ಯಾರೋ ಕಳಿಸುತ್ತಿರಬಹುದೇ ಎಂಬ ಮಾತೂ ಬಂತು. ಆಮೇಲೆ ಬೇರೆ ದಿಕ್ಕಿನಲ್ಲೂ ಅಂಥದ್ದೇ ಸಿಕ್ಕಿತು, ಅವು ಗಿರ್ರನೆ ತಿರುಗುವ ನ್ಯೂಟ್ರಾನ್ ನಕ್ಷತ್ರಗಳು ಎಂದು ತಿಳಿಯಿತು. ತಾಳ ತಪ್ಪದ ಮಿಡಿತ ಬುದ್ಧಿಯ ಗುರುತಲ್ಲ. ಕೇಳಿದ ಪ್ರಶ್ನೆಗೆ ತಕ್ಕಂತೆ ಬದಲಾದರೆ ಗುರುತು. ಹಸ್ತಪ್ರತಿಯಲ್ಲಿ ಹೊನ್ನಿ ಮಿಡಿತ ಕೇಳಿದ ತಕ್ಷಣ ನಂಬಿಬಿಡುತ್ತಾಳೆ. ಆಕೆ ಒಮ್ಮೆ ತಪ್ಪು ಪ್ರಶ್ನೆ ಕಳಿಸಿ ಪರೀಕ್ಷೆ ಮಾಡಲಿ.

ಇನ್ನು ಕೊನೆಯ ಪ್ರಶ್ನೆ. ಲೆಕ್ಕವನ್ನು ಓದುಗರಿಗೆ ಹೇಳಬೇಕಿಲ್ಲ. ನಿಮ್ಮ ನೋಟ್‌ಬುಕ್ಕಿನಲ್ಲಿ ಇರಲಿ. ಪ್ರತಿ ಹಂತಕ್ಕೆ ಗಾತ್ರ ಎಷ್ಟು, ಸುದ್ದಿ ಹೋಗಿ ಬರಲು ಎಷ್ಟು ಹೊತ್ತು, ತಾಪಮಾನ ಎಷ್ಟು ಅಂತ ಬರೆದುಕೊಳ್ಳಿ. ಯಾವ ಸಂಭಾಷಣೆ ಬರೆಯುವಾಗಲೂ ಯಾವ ಹಂತದವರು ಮಾತಾಡುತ್ತಿದ್ದಾರೆ ಅಂತ ಮೊದಲು ನೋಡಿಕೊಳ್ಳಿ. ಓದುಗರಿಗೆ ಅಂಕಿ ಕಾಣದಿದ್ದರೂ ಒಳಗೆ ಒಂದು ಲೆಕ್ಕ ಇದೆ ಅನ್ನುವುದು ಗೊತ್ತಾಗುತ್ತದೆ. ಹನ್ನೊಂದು ಯೋಚನೆಗಳ ವಿಷಯವನ್ನು ಮಾತ್ರ ಯಾರ ಬಾಯಲ್ಲಾದರೂ ಹೇಳಿಸಿ, ಅದನ್ನು ಬಚ್ಚಿಡಲು ನನಗೆ ಮನಸ್ಸಾಗುವುದಿಲ್ಲ. ತಿದ್ದಲು ಕೂತಾಗ ಸೂರ್ಯನನ್ನು ನುಂಗುವ ಅಧ್ಯಾಯದಿಂದಲೇ ಶುರುಮಾಡಿ. ಅದಕ್ಕೆ 1,500 ವರ್ಷ ಕೊಟ್ಟರೆ ಹಿಂದಿನ ಯಾವ ಯಾವ ಮಾತುಕತೆ ಬದಲಾಗಬೇಕು ಅಂತ ನಿಮಗೇ ಕಾಣುತ್ತಾ ಹೋಗುತ್ತದೆ.